ಮಿಣುಕಿಗೂ ಹಸಿವಿರಲಿ

ಸಂಪಾದಕರಿಗೆ,

ಮಾನ್ಯರೇ,

ತಮ್ಮ ಪತ್ರಿಕೆಯ ಭಾನುವಾರದ ಮಕ್ಕಳ ಪುಟದಲ್ಲಿ ನಮ್ಮ ಗಂಗಾವತಿ ಭಾಗದ ಪ್ರೌಢಶಾಲಾ ವಿದ್ಯಾರ್ಥಿನಿಯೊಬ್ಬಳು ಬರೆಯುತ್ತಿರುವ ಕಲ್ಪನಾಕಥೆಯನ್ನು ಮೊದಲ ಕಂತಿನಿಂದಲೂ ಓದುತ್ತಿದ್ದೇನೆ. ಆನೆಗೊಂದಿಯ ಗುಡ್ಡಗಳ ಅಡಿಯಲ್ಲಿ ಬಿಸಿಲನ್ನೇ ಕಾಣದ ನಾಡೊಂದಿದೆ. ಅಲ್ಲಿಯ ಜನ ‘ಮಿಣುಕಿ’ ಎಂಬ ಕಣ್ಣಿಗೆ ಕಾಣದ ಜೀವಿಯನ್ನು ಗಡಿಗೆಗಳಲ್ಲಿ ಸಾಕಿ, ಅದು ಸೂಸುವ ಬೆಳಕಿನಲ್ಲಿಯೇ ಉತ್ತು, ಬಿತ್ತಿ, ಉಂಡು ಬದುಕುತ್ತಾರೆ ಎಂಬುದು ಕಥೆಯ ಹಂದರ. ಕಳೆದ ವಾರ ಇದೇ ಅಂಕಣದಲ್ಲಿ ಓದುಗರೊಬ್ಬರು, ಸೂಕ್ಷ್ಮಾಣು ಬೆಳಕು ಕೊಡುತ್ತದೆ ಎಂದು ಮಕ್ಕಳ ತಲೆಗೆ ತುಂಬುವುದು ಮೂಢನಂಬಿಕೆಯನ್ನು ಬಿತ್ತಿದಂತೆ, ಆದ್ದರಿಂದ ಈ ಕಥೆಯನ್ನು ನಿಲ್ಲಿಸಬೇಕು ಎಂದು ಬರೆದಿದ್ದಾರೆ. ಜೀವಶಾಸ್ತ್ರ ಪಾಠ ಮಾಡಿಕೊಂಡು ಬಂದವನಾದ ನನಗೂ ಈ ಕಥೆಯ ಬಗ್ಗೆ ತಕರಾರಿದೆ, ಆದರೆ ಅದು ಬೇರೆಯದು. ಕಥೆ ಮುಂದುವರಿಯಲಿ; ಮಿಣುಕಿಗೆ ಮಾತ್ರ ಹಸಿವಾಗಲಿ. ಬೆಳಕು ಬಿಟ್ಟಿಯಾಗಿ ಸಿಗುತ್ತಿರುವುದೇ ಈ ಕಥೆಯ ಮುಖ್ಯ ದೋಷವೆಂದು ನನ್ನ ಅಭಿಪ್ರಾಯ.

ಮೊದಲು ಆ ಮಹನೀಯರ ಆಕ್ಷೇಪಕ್ಕೆ ಉತ್ತರ ಹೇಳಬೇಕು. ಬೆಳಕು ಸೂಸುವ ಬ್ಯಾಕ್ಟೀರಿಯಾ ಯಾರೂ ಕಟ್ಟಿದ ಕಥೆಯಲ್ಲ. 1995ರ ಜನವರಿಯಲ್ಲಿ ಸೊಮಾಲಿಯಾ ತೀರದಾಚೆ ಸಾಗುತ್ತಿದ್ದ ‘ಲೀಮಾ’ ಎಂಬ ಬ್ರಿಟಿಷ್ ಹಡಗಿನವರು, ದಿಗಂತದವರೆಗೂ ಹಾಲು ಚೆಲ್ಲಿದಂತೆ ಹೊಳೆಯುತ್ತಿದ್ದ ಕಡಲಿನಲ್ಲಿ ಗಂಟೆಗಟ್ಟಲೆ ಪಯಣಿಸಿದ್ದಾಗಿ ದಾಖಲಿಸಿದ್ದರು. ವಿಜ್ಞಾನಿಗಳು ಅದೇ ರಾತ್ರಿಗಳ ಉಪಗ್ರಹ ಚಿತ್ರಗಳನ್ನು ಹುಡುಕಿ ತೆಗೆದಾಗ ಸುಮಾರು 15,400 ಚದರ ಕಿಲೋಮೀಟರ್ ಹರವಿನ, ಅಂದರೆ ನಮ್ಮ ರಾಯಚೂರು ಜಿಲ್ಲೆಗಿಂತ ಬಹಳ ದೊಡ್ಡದಾದ, ಬೆಳಕಿನ ಪ್ರದೇಶ ಅವುಗಳಲ್ಲಿ ಸ್ಪಷ್ಟವಾಗಿ ಕಾಣಿಸಿತು. ಆ ವಿವರ 2005ರಲ್ಲಿ ಪ್ರಕಟವಾಯಿತು. ಅರಬ್ಬೀ ಸಮುದ್ರದಲ್ಲಿ 1985ರಲ್ಲಿ ಇಂಥದೇ ನೀರನ್ನು ಮೊಗೆದು ಪರೀಕ್ಷಿಸಿದವರಿಗೆ ಸಿಕ್ಕಿದ್ದು ವಿಬ್ರಿಯೊ ಹಾರ್ವೆಯಿ ಎಂಬ ಬ್ಯಾಕ್ಟೀರಿಯಾ. ನಮ್ಮ ಕರಾವಳಿಯಲ್ಲಿ ಆಗಾಗ ನೀಲಿ ಅಲೆಗಳೆಂದು ಸುದ್ದಿಯಾಗುವುದು ಬೇರೆ ಜೀವಿ, ನಾಕ್ಟಿಲ್ಯೂಕಾ. ಅದು ನೀರು ಕಲಕಿದಾಗ ಮಾತ್ರ ಮಿಂಚಿ ಆರುತ್ತದೆ, ಬ್ಯಾಕ್ಟೀರಿಯಾವಾದರೋ ಒಂದೇ ಸಮನೆ ಬೆಳಗುತ್ತಿರುತ್ತದೆ. ಕಡಲಿನ ಮಾತೇಕೆ, ಕಬ್ಬು, ಅಡಿಕೆ ಬೆಳೆಗಾರರು ಗೊಣ್ಣೆಹುಳುವಿನ ಕಾಟಕ್ಕೆ ಮಣ್ಣಿಗೆ ಬಿಡುವ ಹೆಟೆರೊರ‍್ಯಾಬ್ಡೈಟಿಸ್ ಎಂಬ ಸೂಕ್ಷ್ಮ ಜಂತುಹುಳುವಿನ ಹೊಟ್ಟೆಯಲ್ಲಿ ಫೋಟೊರ‍್ಯಾಬ್ಡಸ್ ಎಂಬ ಬ್ಯಾಕ್ಟೀರಿಯಾ ಇರುತ್ತದೆ. ಅದರಿಂದ ಸತ್ತ ಗೊಣ್ಣೆಹುಳುವನ್ನು ಕಗ್ಗತ್ತಲೆಯಲ್ಲಿಟ್ಟು ಕಣ್ಣು ಹೊಂದಿಕೊಳ್ಳುವವರೆಗೆ ಕಾದು ನೋಡಿದರೆ ಅದು ಮಂದವಾಗಿ ಹೊಳೆಯುತ್ತದೆ. ಬಾಲಕಿ ಬರೆದದ್ದರಲ್ಲಿ ಮೂಢನಂಬಿಕೆ ಎಂಬುದು ಎಲ್ಲಿಯೂ ಇಲ್ಲ.

ಹಾಗಾದರೆ ತಕರಾರು ಯಾವುದರ ಬಗ್ಗೆ? ಅಳತೆಯ ಬಗ್ಗೆ. ಕಥೆಯ ಎರಡನೆಯ ಕಂತಿನಲ್ಲಿ ಒಂದೇ ತೊಟ್ಟು ಮಿಣುಕಿ ಇಡೀ ರಾಜಸಭೆಯನ್ನು ಹಗಲು ಮಾಡಿಬಿಡುತ್ತದೆ. ನಿಜವಾದ ಬೆಳಗುವ ಬ್ಯಾಕ್ಟೀರಿಯಾ ಒಂದು ಸೆಕೆಂಡಿಗೆ ಹೊರಸೂಸುವುದು ಸಾವಿರದಿಂದ ಹತ್ತು ಸಾವಿರದಷ್ಟು ಬೆಳಕಿನ ಕಣಗಳನ್ನು, ಅಂದರೆ ಫೋಟಾನುಗಳನ್ನು. ಒಂದು ಮಿಲಿಲೀಟರಿನಲ್ಲಿ ನೂರು ಕೋಟಿ ಬ್ಯಾಕ್ಟೀರಿಯಾಗಳು ಕಿಕ್ಕಿರಿದಿವೆ ಎಂದುಕೊಂಡು, ಮೇಲಿನ ಎರಡು ಸಂಖ್ಯೆಗಳಲ್ಲಿ ದೊಡ್ಡದನ್ನೇ ಉದಾರವಾಗಿ ಹಿಡಿದು ಗುಣಿಸಿದರೂ, ಈಗ ಮನೆಮನೆಯಲ್ಲಿರುವ 9 ವ್ಯಾಟಿನ ಎಲ್‌ಇಡಿ ಬಲ್ಬಿನಷ್ಟು ಬೆಳಕಿಗೆ ಸುಮಾರು 1,500 ಲೀಟರ್ ಬೇಕಾಗುತ್ತದೆ. ಸಣ್ಣ ಸಂಖ್ಯೆಯನ್ನು ಹಿಡಿದರೆ 15,000 ಲೀಟರ್. ತೊಟ್ಟಿಯ ಒಳಭಾಗದ ಬೆಳಕು ಹೊರಬರುವ ಮೊದಲೇ ಅಲ್ಲಿಯೇ ಹೀರಿಹೋಗುವುದನ್ನು ನಾನು ಈ ಲೆಕ್ಕಕ್ಕೆ ಸೇರಿಸಿಲ್ಲ. ಫ್ರೆಂಚ್ ವಿಜ್ಞಾನಿ ರಾಫೇಲ್ ದುಬುವಾ ಅವರು 1900ರ ಪ್ಯಾರಿಸ್ ವಸ್ತುಪ್ರದರ್ಶನದಲ್ಲಿ ಗಾಜಿನ ಬುರುಡೆಗಳ ತುಂಬ ಇಂಥ ಬ್ಯಾಕ್ಟೀರಿಯಾ ತುಂಬಿಸಿ ಒಂದು ಕೋಣೆಯನ್ನೇ ಬೆಳಗಿ ತೋರಿಸಿದ್ದರು. ಆ ಬೆಳಕು ಬೆಳದಿಂಗಳ ಹದದ್ದು. ನಮ್ಮ ಪಾತಾಳದ ರಾಜಸಭೆಯೂ ಬೆಳದಿಂಗಳಲ್ಲೇ ನಡೆಯಲಿ ಎನ್ನುತ್ತೇನೆ. ಮಂತ್ರಿಯ ಮುಖಭಾವ ಸರಿಯಾಗಿ ಕಾಣದ ಸಭೆಯಲ್ಲಿ ಸಂಚು ಹೂಡುವುದು ಕಥೆಗಾರ್ತಿಗೆ ಸುಲಭವೂ ಆದೀತು.

ಅದಕ್ಕಿಂತ ದೊಡ್ಡ ತೊಡಕು ಮೂರನೆಯ ಕಂತಿನಲ್ಲಿದೆ. ನೆಲದಡಿಯ ಜನ ಮಿಣುಕಿಯ ಬೆಳಕಿನಲ್ಲಿ ಭತ್ತ ಬೆಳೆಯುತ್ತಾರೆ, ಅದೇ ಭತ್ತದ ಗಂಜಿಯನ್ನು ಮಿಣುಕಿಗೆ ಉಣಿಸುತ್ತಾರೆ, ಹೀಗೆಯೇ ಸಾವಿರಾರು ವರ್ಷ ಸಾಗಿದೆ ಎಂದು ಅಲ್ಲಿ ಬರೆದಿದೆ. ಓದಲು ಸೊಗಸಾಗಿದೆ, ಆದರೆ ಲೆಕ್ಕ ಕೂಡುವುದಿಲ್ಲ. ಉಂಡ ಆಹಾರದ ಶಕ್ತಿಯಲ್ಲಿ ಬ್ಯಾಕ್ಟೀರಿಯಾ ಬೆಳಕಾಗಿಸುವುದು ಒಂದು ಪಾಲನ್ನು ಮಾತ್ರ. ಉಳಿದದ್ದು ಅದರ ಬೆಳವಣಿಗೆಗೂ ಶಾಖಕ್ಕೂ ವೆಚ್ಚವಾಗುತ್ತದೆ. ಆ ಬೆಳಕಿನಲ್ಲಿ ಭತ್ತದ ಎಲೆ ಹಿಡಿದಿಡುವುದು ಇನ್ನೂ ಚಿಕ್ಕ ಪಾಲು, ಎಲೆಯಿಂದ ಕಾಳಿಗೆ ಸೇರುವುದು ಅದರಲ್ಲೂ ಒಂದಂಶ. ಸುತ್ತು ಸುತ್ತಿಗೂ ಕಣಜ ಕರಗುತ್ತ ಹೋಗಿ, ಸಾವಿರ ವರ್ಷವಿರಲಿ, ಎರಡನೆಯ ಬೆಳೆಯೂ ಕೈಗೆ ಹತ್ತುವುದಿಲ್ಲ. ಪಾತಾಳಕ್ಕೂ ಅನ್ನ ಬರಬೇಕಾದದ್ದು ಸೂರ್ಯನಿಂದಲೇ, ಅಂದರೆ ಮೇಲಿನ ನಮ್ಮ ನೆಲದಿಂದಲೇ.

ಈ ಒಂದು ತಿದ್ದುಪಡಿಯನ್ನು ಕಥೆಗಾರ್ತಿ ಒಪ್ಪಿಕೊಂಡರೆ ಎಷ್ಟು ದಾರಿಗಳು ತೆರೆದುಕೊಳ್ಳುತ್ತವೆ ನೋಡಿ. ಮಿಣುಕಿಯ ಹೊಟ್ಟೆ ತುಂಬಿಸಲು ಪಾತಾಳದವರು ಗಂಗಾವತಿಯ ಅಕ್ಕಿ ಮಿಲ್ಲುಗಳ ತೌಡು, ನುಚ್ಚು, ನದಿಯ ಮೀನಿನ ಕಸ ಇವುಗಳಿಗಾಗಿ ಇರುಳಲ್ಲಿ ಮೇಲೆ ಬರಬೇಕು. ಬದಲಿಗೆ ಏನನ್ನಾದರೂ ಕೊಡಬೇಕು. ಕೊಟ್ಟದ್ದಕ್ಕೆ ತೂಕ, ತೂಕದಲ್ಲಿ ಮೋಸ, ಮೋಸಕ್ಕೆ ಜಗಳ, ಜಗಳಕ್ಕೆ ಪಂಚಾಯಿತಿ ಎಲ್ಲವೂ ಹುಟ್ಟಿಕೊಳ್ಳುತ್ತವೆ. ತುಂಗಭದ್ರಾ ಎಡದಂಡೆ ಕಾಲುವೆಗೆ ಬೇಸಿಗೆ ಬೆಳೆಯ ನೀರು ಬಿಡದ ವರ್ಷ ಮೇಲಿನವರ ಗದ್ದೆ ಬೀಳು ಬಿದ್ದರೆ ಕೆಳಗಿನವರ ಬೀದಿ ಕತ್ತಲಾಗುತ್ತದೆ. 2024ರ ಆಗಸ್ಟ್‌ನಲ್ಲಿ ಜಲಾಶಯದ 19ನೆಯ ಕ್ರಸ್ಟ್ ಗೇಟ್ ಕೊಚ್ಚಿಹೋಗಿ, ತುಂಬಿದ್ದ ನೀರು ಕಣ್ಣೆದುರೇ ನದಿಗೆ ಹರಿದುಹೋದ ದಿನಗಳಲ್ಲಿ ನಮ್ಮ ಭಾಗದ ಮನೆಮನೆಯಲ್ಲಿ ನಡೆದ ಮಾತುಗಳನ್ನು ಆ ಹುಡುಗಿಯೂ ಕೇಳಿಯೇ ಇರುತ್ತಾಳೆ. ಅವನ್ನು ಹಾಗೆಯೇ ಪಾತಾಳಕ್ಕೆ ಇಳಿಸಿದರೆ ಸಾಕು, ಒಂದಿಡೀ ಕಂತಿಗಾಗುವಷ್ಟು ಸರಕು ಅಲ್ಲಿದೆ.

ಉಪ್ಪಿನ ವಿಷಯವೂ ಇದೆ. ಬೆಳಗುವ ಬ್ಯಾಕ್ಟೀರಿಯಾಗಳಲ್ಲಿ ಹೆಚ್ಚಿನವು ಕಡಲಿನವು, ಅವುಗಳಿಗೆ ಉಪ್ಪುನೀರು ಬೇಕು. ಸಿಹಿನೀರಿನವು ಅಪರೂಪ, ಇರುವವುಗಳಲ್ಲಿ ಕಾಲರಾ ರೋಗಾಣುವಿನದೇ ಒಂದು ತಳಿಯೂ ಸೇರಿದೆ ಎಂಬುದನ್ನು ನೆನೆದರೆ ಅವನ್ನು ಅಡುಗೆಮನೆಯಲ್ಲಿ ಸಾಕುವ ಆಸೆ ತಾನಾಗಿ ಇಳಿಯುತ್ತದೆ. ಹಾಗಾದರೆ ಕಡಲಿಲ್ಲದ ಕೊಪ್ಪಳ ಸೀಮೆಯ ಮಿಣುಕಿಗೆ ಉಪ್ಪು ಎಲ್ಲಿಯದು? ಕಾಲುವೆ ನೀರು ನಿಂತು ನಿಂತು ಸವಳಾದ ಹೊಲಗಳು ಸಿಂಧನೂರು, ಗಂಗಾವತಿ ಕಡೆ ಬೇಕಾದಷ್ಟಿವೆ. ಬೇಸಿಗೆಯಲ್ಲಿ ಅವುಗಳ ಮೈಮೇಲೆ ಬಿಳಿ ಪುಡಿ ಏಳುವುದನ್ನು ಬಸ್ಸಿನ ಕಿಟಕಿಯಿಂದಲೂ ಕಾಣಬಹುದು. ಆ ಹೊಲಗಳ ಬಸಿಗಾಲುವೆಯ ನೀರಿಗಾಗಿ ಪಾತಾಳದವರು ಮುಗಿಬೀಳುವಂತಾದರೆ, ಯಾರೂ ಗುತ್ತಿಗೆಗೂ ಕೇಳದ ಸವಳು ನೆಲದ ಒಡೆಯನೊಬ್ಬ ಒಂದೇ ರಾತ್ರಿಯಲ್ಲಿ ಸಾಹುಕಾರನಾಗುತ್ತಾನೆ. ಸವಳಿನ ಲವಣ ಕಡಲುಪ್ಪಿಗೆ ಪೂರಾ ಸಮವಲ್ಲ. ಅಷ್ಟು ರಿಯಾಯಿತಿಯನ್ನು ಕಲ್ಪನೆಗೆ ಕೊಡೋಣ.

ಇನ್ನು ಮಿಣುಕಿಯನ್ನು ಕದಿಯುವ ಪ್ರಸಂಗ. ಕಥೆಯ ಕಳ್ಳನು ಒಂದು ಹನಿಯನ್ನು ಸೀಸೆಯಲ್ಲಿ ಬಚ್ಚಿಟ್ಟುಕೊಂಡು ಓಡುವಾಗ ಅದು ಬೆಳಗಿ ಅವನನ್ನು ಹಿಡಿದುಕೊಡುತ್ತದೆ. ವಾಸ್ತವದಲ್ಲಿ ನಡೆಯುವುದು ಇದಕ್ಕಿಂತ ಸ್ವಾರಸ್ಯಕರ. ಈ ಬ್ಯಾಕ್ಟೀರಿಯಾಗಳಲ್ಲಿ ಹಲವು, ತಮ್ಮವರು ಸುತ್ತಲೂ ಸಾಕಷ್ಟು ದಟ್ಟವಾಗಿ ಸೇರಿದ್ದಾರೆ ಎಂದು ಖಾತ್ರಿಯಾಗುವ ತನಕ ಬೆಳಗುವುದೇ ಇಲ್ಲ. ಪ್ರತಿಯೊಂದೂ ಸಣ್ಣ ರಾಸಾಯನಿಕ ಸಂಕೇತವೊಂದನ್ನು ನೀರಿಗೆ ಬಿಡುತ್ತಿರುತ್ತದೆ; ಅದರ ಪ್ರಮಾಣ ಒಂದು ಮಟ್ಟ ಮುಟ್ಟಿದ ಮೇಲೆಯೇ ಬೆಳಕಿನ ಕಿಣ್ವವಾದ ಲೂಸಿಫೆರೇಸ್ ತಯಾರಾಗುತ್ತದೆ. ಕೊಪ್ಪಳದ ಗವಿಮಠದ ತೇರು ಜನ ಕೂಡಿದ ಮೇಲಲ್ಲದೆ ಕದಲುವುದಿಲ್ಲವಲ್ಲ, ಹಾಗೆ. ನೀಲ್ಸನ್, ಪ್ಲ್ಯಾಟ್ ಮತ್ತು ಹೇಸ್ಟಿಂಗ್ಸ್ ಎಂಬ ವಿಜ್ಞಾನಿಗಳು 1970ರಲ್ಲಿ ಪ್ರಕಟಿಸಿದ ಈ ಸಂಗತಿಯ ಪ್ರಕಾರ, ಕದ್ದ ಹನಿಯನ್ನು ಸೀಸೆಯ ನೀರಿಗೆ ಬೆರೆಸಿದರೆ ಅದು ಕತ್ತಲಾಗುತ್ತದೆ. ಕಳ್ಳ ಅದಕ್ಕೆ ಉಣಿಸಿ ಬೆಳೆಸಿ ಕಾಯಬೇಕು. ಇಲ್ಲವೇ ಹಳೆಯ ದಟ್ಟ ಗಡಿಗೆಯ ನೀರನ್ನು, ಒಂದೂ ಜೀವಿ ಉಳಿಯದಂತೆ ಸೋಸಿ, ಆ ತಿಳಿಯನ್ನು ಇದಕ್ಕೆ ಸುರಿಯಬೇಕು. ಅದರಲ್ಲಿ ಕರಗಿರುವ ಸಂಕೇತದಿಂದ ಮೋಸಹೋಗಿ ಈ ವಿರಳ ಮಿಣುಕಿಯೂ ಬೆಳಗಲು ತೊಡಗುತ್ತದೆ. ನೋಡಲು ಬರೀ ನೀರಾಗಿರುವ ಆ ತಿಳಿಯ ಗುಟ್ಟು ಯಾರ ಮನೆತನದ ಬಳಿ ಇದೆಯೋ ಪಾತಾಳದಲ್ಲಿ ಅವರದೇ ದರ್ಬಾರು. ಮಂತ್ರದಂಡಕ್ಕಿಂತ ಇದು ಒಳ್ಳೆಯ ಮಂತ್ರವೆಂದು ನನಗೆ ತೋರುತ್ತದೆ.

ಹವಾಯಿ ದ್ವೀಪಗಳ ಬಳಿ ಬದುಕುವ ಪುಟ್ಟ ಸ್ಕ್ವಿಡ್ ಒಂದು ಅಲಿವಿಬ್ರಿಯೊ ಫಿಶೆರಿ ಎಂಬ ಬ್ಯಾಕ್ಟೀರಿಯಾವನ್ನು ತನ್ನ ಮೈಯೊಳಗಿನ ಅಂಗವೊಂದರಲ್ಲಿ ಸಾಕಿಕೊಂಡಿರುತ್ತದೆ, ಪ್ರತಿದಿನ ನಸುಕಿನಲ್ಲಿ ಅದರ ಶೇ 95ರಷ್ಟನ್ನು ಹೊರಚೆಲ್ಲುತ್ತದೆ, ಉಳಿದವು ಸಂಜೆಯ ಹೊತ್ತಿಗೆ ಮರಳಿ ತುಂಬಿಕೊಳ್ಳುತ್ತವೆ. ಪಾತಾಳದಲ್ಲಿ ಗಡಿಗೆ ಚೆಲ್ಲುವ ಹೊತ್ತೇ ಬೆಳಗು, ತುಂಬುವ ಹೊತ್ತೇ ಸಂಜೆ ಎಂದಾಗಬಹುದು. ಗಡಿಯಾರದ ಚಿಂತೆ ಇಲ್ಲ.

ಬಳಕೆಯ ವಿಷಯದಲ್ಲಿ ಒಂದು ಎಚ್ಚರಿಕೆಯ ಮಾತನ್ನು ಹೇಳಲೇಬೇಕು, ಏಕೆಂದರೆ ನಾಲ್ಕನೆಯ ಕಂತಿನಲ್ಲಿ ಗಾಳಿ ಕೆಟ್ಟ ಸುರಂಗಕ್ಕೆ ಇಳಿಯುವ ಮುನ್ನ ನಾಯಕಿ ಮಿಣುಕಿಯ ಗಡಿಗೆಯನ್ನು ಇಳಿಬಿಟ್ಟು, ಅದು ಬೆಳಗುತ್ತಿರುವುದನ್ನು ಕಂಡು ಧೈರ್ಯವಾಗಿ ಇಳಿಯುತ್ತಾಳೆ. ನಮ್ಮ ಹಿರಿಯರು ನೆಲದಡಿ ಜೋಳ ತುಂಬಿಡುತ್ತಿದ್ದ ಗುಂಡಿಯಾದ ಹಗೇವಿನ ಬಾಯಿ ತೆರೆದಾಗ ಮೊದಲು ದೀಪ ಇಳಿಬಿಟ್ಟು ನೋಡುತ್ತಿದ್ದುದನ್ನು ಅವಳು ಅಜ್ಜ ಅಜ್ಜಿಯರಿಂದ ಕೇಳಿರಬೇಕು. ಮುಚ್ಚಿದ ಹಗೇವಿನಲ್ಲಿ ಕಾಳು ಉಸಿರಾಡಿ ಆಮ್ಲಜನಕವನ್ನು ತಿಂದು, ಇಂಗಾಲದ ಡೈಆಕ್ಸೈಡನ್ನು ತುಂಬಿರುತ್ತದೆ. ಗಾಳಿಯಲ್ಲಿ ಶೇ 21ರಷ್ಟಿರುವ ಆಮ್ಲಜನಕ ಶೇ 16ರ ಆಸುಪಾಸಿಗೆ ಇಳಿದರೆ ದೀಪ ಆರುತ್ತದೆ, ಮನುಷ್ಯ ಅಪಾಯಕ್ಕೆ ಸಿಲುಕುವ ಮೊದಲೇ ದೀಪ ಹೇಳಿಬಿಡುತ್ತದೆ. ಬೆಳಗುವ ಬ್ಯಾಕ್ಟೀರಿಯಾಕ್ಕೂ ಗಾಳಿ ಬೇಕೇ ಬೇಕು. ಕೊಳೆತು ಹೊಳೆಯುವ ಕಟ್ಟಿಗೆಯನ್ನು ಗಾಜಿನ ಪಾತ್ರೆಯಲ್ಲಿಟ್ಟು ಗಾಳಿ ಹೀರಿದರೆ ಹೊಳಪು ಕುಂದುತ್ತದೆ, ಗಾಳಿ ಬಿಟ್ಟರೆ ಮರಳುತ್ತದೆ ಎಂದು ರಾಬರ್ಟ್ ಬಾಯ್ಲ್ 1668ರಷ್ಟು ಹಿಂದೆಯೇ ತೋರಿಸಿದ್ದರು. ಅಲ್ಲಿ ಹೊಳೆಯುವುದು ಅಣಬೆಯಾದರೂ ನಿಯಮ ಒಂದೇ. ಆದರೆ ಬ್ಯಾಕ್ಟೀರಿಯಾಕ್ಕೆ ಬೇಕಾದ ಗಾಳಿ ಎಷ್ಟು ಅಲ್ಪವೆಂದರೆ, ಆಮ್ಲಜನಕ ಶೇ 1ಕ್ಕಿಂತ ಕೆಳಗಿಳಿದರೂ ಅದು ಬೆಳಗುತ್ತಲೇ ಇರುತ್ತದೆ. ಡಚ್ ವಿಜ್ಞಾನಿ ಬೈಯರಿಂಕ್ ಹತ್ತೊಂಬತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಸಸ್ಯಗಳಿಂದ ಹೊಮ್ಮುವ ಆಮ್ಲಜನಕದ ಲೇಶವನ್ನು ಪತ್ತೆಹಚ್ಚಲು ಇವುಗಳನ್ನೇ ಬಳಸಿದ್ದು ಈ ಕಾರಣಕ್ಕಾಗಿಯೇ. ಶೇ 10ಕ್ಕೇ ಮನುಷ್ಯ ಪ್ರಜ್ಞೆ ತಪ್ಪಿ ಬೀಳುತ್ತಾನೆ. ಮಿಣುಕಿಯನ್ನು ನಂಬಿ ಇಳಿದ ನಾಯಕಿ ಮೇಲೆ ಬರುವುದಿಲ್ಲ, ಮಿಣುಕಿ ಮಾತ್ರ ಅವಳ ಪಕ್ಕದಲ್ಲಿ ಬೆಳಗುತ್ತಿರುತ್ತದೆ. ಮಕ್ಕಳು ಓದುವ ಪುಟವಾದ್ದರಿಂದ ಈ ಪ್ರಸಂಗವನ್ನು ಮುಂದಿನ ಕಂತಿನಲ್ಲಿ ತಿದ್ದಿಸಬೇಕೆಂದು ತಮ್ಮಲ್ಲಿ ವಿಶೇಷವಾಗಿ ಕೋರುತ್ತೇನೆ. ಹಗೇವು, ಹಾಳುಬಾವಿ, ಗುಂಡಿಗಳಿಗೆ ಇಳಿದು ಜನ ಸಾಯುವುದು ಇನ್ನೂ ನಿಂತಿಲ್ಲ, ಅಲ್ಲಿ ಈಗ ದೀಪವನ್ನಷ್ಟೇ ನೆಚ್ಚುವಂತೆಯೂ ಇಲ್ಲ, ಏಕೆಂದರೆ ದೀಪಕ್ಕೆ ತಿಳಿಯದ ವಿಷಗಾಳಿಗಳೂ ಇವೆ.

ಮಿಣುಕಿಗೆ ಹೊಂದುವ ಕೆಲಸ ನೀರಿನ ಪರೀಕ್ಷೆ. ಮೇಲೆ ಹೇಳಿದ ಅಲಿವಿಬ್ರಿಯೊ ಫಿಶೆರಿಯನ್ನು ಹಲವು ದೇಶಗಳ ಪ್ರಯೋಗಾಲಯಗಳು ಈ ಕೆಲಸಕ್ಕೆ ಬಳಸುತ್ತಿವೆ: ಅನುಮಾನದ ನೀರನ್ನು ಅದಕ್ಕೆ ಬೆರೆಸಿ ಐದರಿಂದ ಮೂವತ್ತು ನಿಮಿಷ ಕಾದು, ಬೆಳಕು ಎಷ್ಟು ಕುಗ್ಗಿತು ಎಂದು ಅಳೆದರೆ ನೀರಿನ ವಿಷದ ಅಂದಾಜು ಸಿಗುತ್ತದೆ. ಆದರೆ ನಮ್ಮ ಭಾಗದ ನೀರಿನ ತೊಂದರೆ ಇಷ್ಟು ಸರಳವಲ್ಲ. ಕೊಪ್ಪಳ, ರಾಯಚೂರು ಜಿಲ್ಲೆಗಳ ಅನೇಕ ಹಳ್ಳಿಗಳ ಕೊಳವೆಬಾವಿಗಳಲ್ಲಿ ಫ್ಲೋರೈಡ್ ಇದೆ, ಚಿನ್ನದ ಅದಿರಿನ ಪಟ್ಟಿಯ ಕೆಲವು ಊರುಗಳಲ್ಲಿ ಆರ್ಸೆನಿಕ್ ಕಂಡುಬಂದಿದೆ. ಕುಡಿಯುವ ನೀರಿನಲ್ಲಿ ಫ್ಲೋರೈಡ್ ಲೀಟರಿಗೆ 1 ಮಿಲಿಗ್ರಾಂ, ಬೇರೆ ಮೂಲವೇ ಇಲ್ಲದಲ್ಲಿ 1.5 ಮಿಲಿಗ್ರಾಂ ದಾಟಬಾರದು, ಆರ್ಸೆನಿಕ್ 0.01 ಮಿಲಿಗ್ರಾಂ ಮೀರಬಾರದು. ಈ ಮಿತಿಗಳನ್ನು ದಾಟಿದ ಅಲ್ಪ ಪ್ರಮಾಣ ಬ್ಯಾಕ್ಟೀರಿಯಾದ ಬೆಳಕನ್ನು ಕುಗ್ಗಿಸುವುದಿಲ್ಲ, ಮನುಷ್ಯನ ಹಲ್ಲು, ಮೂಳೆ, ಚರ್ಮಗಳನ್ನು ಮಾತ್ರ ವರ್ಷಗಟ್ಟಲೆ ನಿಧಾನವಾಗಿ ಕೆಡಿಸುತ್ತದೆ. ಅದಕ್ಕೆ ತಿರುಗುಮುರುಗು ಉಪಾಯ ಬೇಕು. ಆರ್ಸೆನಿಕ್ ಸೋಂಕಿದೊಡನೆ ಎಚ್ಚರಗೊಳ್ಳುವ ವಂಶವಾಹಿಯೊಂದು ಹಲವು ಬ್ಯಾಕ್ಟೀರಿಯಾಗಳಲ್ಲಿದೆ. ಅದನ್ನು ಬೆಳಕಿನ ವಂಶವಾಹಿಗಳಿಗೆ ಜೋಡಿಸಿದರೆ ವಿಷ ಇದ್ದಲ್ಲಿ ಬೆಳಕು ಹೊತ್ತುತ್ತದೆ. ಸ್ವಿಟ್ಜರ್ಲೆಂಡಿನ ವಿಜ್ಞಾನಿಗಳು ಇಂಥ ಬ್ಯಾಕ್ಟೀರಿಯಾವನ್ನು 2005ರ ಹೊತ್ತಿಗೆ ವಿಯೆಟ್ನಾಂನ ಬಾವಿನೀರಿನ ಮೇಲೆ ಬಳಸಿ ನೋಡಿದ್ದಾರೆ. ಫ್ಲೋರೈಡನ್ನು ಗುರುತಿಸುವ ಇಂಥದೇ ವ್ಯವಸ್ಥೆ ಬ್ಯಾಕ್ಟೀರಿಯಾಗಳಲ್ಲಿದೆ ಎಂಬುದು 2012ರಲ್ಲಿ ಬೆಳಕಿಗೆ ಬಂತು. ಆದ್ದರಿಂದ ಪಾತಾಳದ ಮಿಣುಕಿಗೆ ಮೂರು ತಳಿಗಳಿರಲಿ: ಬೀದಿಗೊಂದು, ಆರ್ಸೆನಿಕ್ಕಿಗೊಂದು, ಫ್ಲೋರೈಡಿಗೊಂದು. ಕುಷ್ಟಗಿ ಕಡೆಯ ಹಳ್ಳಿಯೊಂದರ ಹೆಣ್ಣುಮಗಳು ತಂದ ಕೊಡದ ನೀರಿಗೆ ಪಾತಾಳದ ಮುದುಕಿ ಒಂದು ಹನಿ ಬೆರೆಸಿ ಕತ್ತಲಲ್ಲಿ ಇಡುವುದು, ಮೇಲಿನವರು ತೌಡಿಗೆ ಬದಲಾಗಿ ಪಡೆಯುವುದು ಇದೇ ಪರೀಕ್ಷೆಯನ್ನು. ಹೀಗಾದರೆ ಎರಡು ನಾಡುಗಳ ವ್ಯಾಪಾರಕ್ಕೆ ಆಧಾರವೂ ಸಿಕ್ಕಿತು, ನಾಲ್ಕು ಕಂತುಗಳಿಂದ ಸುಮ್ಮನೆ ಕುಳಿತಿರುವ ಆ ಮುದುಕಿಯ ಪಾತ್ರಕ್ಕೆ ಕೆಲಸವೂ ಸಿಕ್ಕಿತು.

ಬೀದಿಯ ಮಿಣುಕಿಗೆ ದೀಪದ ಕೆಲಸ ಬೇಡ, ಗುರುತಿನ ಕೆಲಸ ಸಾಕು: ಮೆಟ್ಟಿಲಿನ ಅಂಚು, ಬಾವಿಯ ಕಟ್ಟೆ, ಹಗ್ಗದ ತುದಿ, ಕವಲುದಾರಿ. ಕತ್ತಲಿಗೆ ಹೊಂದಿಕೊಂಡ ಕಣ್ಣಿಗೆ ಅಷ್ಟು ಮಂದ ಬೆಳಕು ಧಾರಾಳ.

ನೆಲದಡಿಯಲ್ಲಿಯೇ ಕಥೆಯನ್ನು ಇಟ್ಟದ್ದಕ್ಕೆ ಮಾತ್ರ ಆ ಬಾಲಕಿಯನ್ನು ಮೆಚ್ಚಲೇಬೇಕು. ಅಲಿವಿಬ್ರಿಯೊ ಫಿಶೆರಿ ಚೆನ್ನಾಗಿ ಬೆಳಗುವುದು 20ರಿಂದ 25 ಡಿಗ್ರಿ ಸೆಲ್ಸಿಯಸ್ ತಂಪಿನಲ್ಲಿ, 30 ದಾಟಿದರೆ ಮಂಕಾಗುತ್ತದೆ. ರಾಯಚೂರಿನ ಏಪ್ರಿಲ್, ಮೇ ತಿಂಗಳ 42 ಡಿಗ್ರಿ ಬಿಸಿಲಿನಲ್ಲಿ ಅಂಥ ಗಡಿಗೆಯನ್ನು ಹೊರಗಿಟ್ಟರೆ ಬೆಳಕಲ್ಲ, ವಾಸನೆ ಬರುತ್ತದೆ. ಗವಿಯೊಳಗಾದರೆ ವರ್ಷವಿಡೀ ಹೆಚ್ಚುಕಡಿಮೆ ಒಂದೇ ಹದ. ಆದರೆ ನಾಡನ್ನು ತೀರ ಆಳಕ್ಕೆ ಒಯ್ಯಬಾರದು; ಮೂರು ಕಿಲೋಮೀಟರಿಗೂ ಮಿಕ್ಕ ಆಳಕ್ಕೆ ಇಳಿದಿದ್ದ ಕೋಲಾರದ ಚಿನ್ನದ ಗಣಿಯಲ್ಲಿ ಬಂಡೆಯೇ ಮುಟ್ಟಲಾಗದಷ್ಟು ಕಾದಿರುತ್ತಿತ್ತು. ಮಿಣುಕಿಯ ನಾಡು ಬಾವಿಯ ಆಳದಲ್ಲಿದ್ದರೆ ಸಾಕು.

ಕೊನೆಗೆ, ಕಥೆಯ ಜೊತೆಗೆ ಬರುವ ಚಿತ್ರಗಳ ಬಗ್ಗೆ ತಮ್ಮ ಕಲಾವಿದರಿಗೆ ಒಂದು ಅರಿಕೆ. ಅವರು ಮಿಣುಕಿಯ ಬೆಳಕನ್ನು ಪ್ರತಿವಾರವೂ ಎಣ್ಣೆದೀಪದ ಕೆಂಪು ಕಿತ್ತಳೆ ಬಣ್ಣದಲ್ಲಿ ಬರೆಯುತ್ತಿದ್ದಾರೆ. ಬ್ಯಾಕ್ಟೀರಿಯಾದ ಬೆಳಕು ಸಾಮಾನ್ಯವಾಗಿ 490 ನ್ಯಾನೊಮೀಟರ್ ತರಂಗಾಂತರದ ಸುತ್ತಮುತ್ತಲಿನ ನೀಲಿ ಹಸಿರು. ಹಳದಿ ಸೂಸುವ ತಳಿಯೊಂದು ಕಡಲಿನಲ್ಲಿ ಸಿಕ್ಕಿರುವುದರಿಂದ ಹಳದಿಗೆ ನನ್ನ ಆಕ್ಷೇಪವಿಲ್ಲ, ಕಿತ್ತಳೆಯನ್ನು ಮಾತ್ರ ಮುಂದಿನ ಭಾನುವಾರದಿಂದ ಕೈಬಿಡಬೇಕೆಂದು ವಿನಂತಿ.

ಇತಿ ತಮ್ಮ ವಿಶ್ವಾಸಿ,
ನಿವೃತ್ತ ಜೀವಶಾಸ್ತ್ರ ಉಪನ್ಯಾಸಕ,
ಗಂಗಾವತಿ, ಕೊಪ್ಪಳ ಜಿಲ್ಲೆ